ಸ್ವಿಂಗ್ ಎಂಬ ಮಾತಿಗೆ ದನಿಯಾದವಳು

ಮಾರ್ಕ್ಸ್ ಸಹೋದರರ ನಗೆಚಿತ್ರಗಳನ್ನು ನೋಡಿದವರಿಗೆ ‘ಎ ಡೇ ಅಟ್ ದ ರೇಸಸ್’ (1937) ನೆನಪಿರಬಹುದು. ಕುದುರೆ ಪಂದ್ಯ, ಸುಳ್ಳು ವೈದ್ಯ, ದಿವಾಳಿಯ ಅಂಚಿಗೆ ಬಂದ ಆರೋಗ್ಯಧಾಮ, ಹೀಗೆ ಸಾಗುವ ಕತೆಯ ನಡುವೆ ಒಂದು ರಾತ್ರಿ ಮಾತಿಲ್ಲದ ಹಾರ್ಪೊ ಕೊಳಲೂದುತ್ತ ರೇಸ್ ಮೈದಾನದ ಪಕ್ಕದ ಕಪ್ಪು ಜನರ ಬಡ ಕೇರಿಗೆ ಹೋಗುತ್ತಾನೆ. ಮಕ್ಕಳು ಮರಿಗಳೆಲ್ಲ ಅವನ ಬೆನ್ನು ಹತ್ತುತ್ತಾರೆ. ಆ ಗುಂಪಿನೊಳಗಿಂದ ಹೆಂಗಸೊಬ್ಬಳು ಮುಂದೆ ಬಂದು ಹಾಡತೊಡಗುತ್ತಾಳೆ. ಸ್ವಲ್ಪ ಹೊತ್ತು ಅಷ್ಟೇ. ಹಾರ್ಲೆಮ್‌ನ ಸವಾಯ್ ನೃತ್ಯಶಾಲೆಯ ಕುಣಿತಗಾರರು ನುಗ್ಗಿ ಬಂದು ಒಬ್ಬರನ್ನೊಬ್ಬರು ಎತ್ತಿ ಎಸೆದು ಪರದೆಯನ್ನೇ ಆಕ್ರಮಿಸಿಬಿಡುತ್ತಾರೆ. ಕೊನೆಗೆ ಶೆರೀಫ್ ಬಂದಾಗ ಮಾರ್ಕ್ಸ್ ಸಹೋದರರು ಮುಖಕ್ಕೆ ಗ್ರೀಸ್ ಬಳಿದುಕೊಂಡು ಕಪ್ಪು ಜನರಂತೆ ನಟಿಸುತ್ತಾರೆ. ಇಂದು ನೋಡಿದರೆ ಮುಜುಗರವಾಗುವ ಹಾಸ್ಯ ಅದು. ಆ ಕುಣಿತದ ದೃಶ್ಯದ ಹೆಸರು ನೃತ್ಯ ನಿರ್ದೇಶನದ ಆಸ್ಕರ್ ಪಟ್ಟಿಯವರೆಗೂ ಹೋಯಿತು. ಹಾಡಿದ ಹೆಂಗಸು ಯಾರೆಂದು ಕೇಳಿದವರು ಕಡಿಮೆ.

ಆಕೆ ಐವಿ ಆಂಡರ್ಸನ್. ಅಮೆರಿಕದ ಸಂಗೀತದಲ್ಲಿ ‘ಸ್ವಿಂಗ್’ ಎಂಬ ಮಾತು ಒಂದು ಯುಗದ ಹೆಸರಾಗುವುದಕ್ಕೆ ಮೂರು ವರ್ಷ ಮೊದಲೇ ಆ ಮಾತನ್ನು ಗ್ರಾಮಫೋನ್ ತಟ್ಟೆಯ ಮೇಲೆ ಹಾಡಿದವಳು. ಡ್ಯೂಕ್ ಎಲಿಂಗ್ಟನ್‌ನ ವಾದ್ಯವೃಂದದಲ್ಲಿ ಹನ್ನೊಂದು ವರ್ಷಕ್ಕೂ ಹೆಚ್ಚು ಕಾಲ ಗಾಯಕಿಯಾಗಿದ್ದವಳು. ಬಿಲ್ಲಿ ಹಾಲಿಡೆ, ಎಲಾ ಫಿಟ್ಸ್‌ಜೆರಾಲ್ಡ್ ಎಂಬ ಹೆಸರುಗಳು ಜಾಝ್ ಕೇಳದವರ ಕಿವಿಗೂ ಬಿದ್ದಿವೆ. ಐವಿಯ ಹೆಸರನ್ನಾದರೋ ಆಕೆ ಬದುಕಿದ್ದಾಗಲೇ ಎಷ್ಟೋ ಕಡೆ ತಪ್ಪು ಕಾಗುಣಿತದಲ್ಲಿ ಅಚ್ಚು ಹಾಕುತ್ತಿದ್ದರು. ಗುಣದಲ್ಲಿ ಆಕೆ ಹಿಂದಿನ ಸಾಲಿನವಳೇ ಎಂದರೆ ಅಲ್ಲ. ಹಾಗಿದ್ದೂ ಮರೆವಿಗೆ ಸಂದದ್ದು ಹೇಗೆ ಎನ್ನುವುದರಲ್ಲಿ ಆ ಕಾಲದ ಮನರಂಜನೆಯ ವ್ಯವಹಾರ ಹೇಗಿತ್ತೆಂಬುದೂ ಅಡಗಿದೆ.

1930ರ ದಶಕದ ಅಮೆರಿಕದಲ್ಲಿ ‘ಬಿಗ್ ಬ್ಯಾಂಡ್’ ಎಂದರೆ ಹದಿನಾಲ್ಕು ಹದಿನೈದು ಮಂದಿಯ ವಾದ್ಯವೃಂದ. ಟ್ರಂಪೆಟ್, ಟ್ರೊಂಬೋನ್, ಸ್ಯಾಕ್ಸೊಫೋನ್‌ಗಳದ್ದು ಒಂದೊಂದು ಸಾಲು. ಹಿಂದೆ ಪಿಯಾನೊ, ಗಿಟಾರ್, ದೊಡ್ಡ ತಂತಿಯ ಬೇಸ್ ಮತ್ತು ಡ್ರಮ್. ಇದು ಕುರ್ಚಿಯಲ್ಲಿ ಕೂತು ತಲೆದೂಗುವ ಸಂಗೀತವಲ್ಲ. ಜನ ಟಿಕೆಟ್ ಕೊಂಡು ಬರುತ್ತಿದ್ದುದು ಕುಣಿಯುವುದಕ್ಕೆ. ಬ್ಯಾಂಡಿನ ಮಾಲೀಕ ಅದರ ನಾಯಕ. ಹೆಸರು ಅವನದು, ತಟ್ಟೆಯ ಮೇಲಿನ ದೊಡ್ಡ ಅಕ್ಷರವೂ ಅವನದೇ. ಗಾಯಕಿಗೆ ಒಂದು ಅಡ್ಡಹೆಸರಿತ್ತು: ಕ್ಯಾನರಿ ಹಕ್ಕಿ. ಒಳ್ಳೆಯ ಉಡುಪು ತೊಟ್ಟು ವೇದಿಕೆಯ ಬದಿಯ ಕುರ್ಚಿಯಲ್ಲಿ ಕೂತಿರಬೇಕು. ಸರದಿ ಬಂದಾಗ ಎದ್ದು ಮೈಕಿನ ಮುಂದೆ ಹಾಡಿನ ಒಂದು ಸುತ್ತು ಹಾಡಿ ಮತ್ತೆ ಹೋಗಿ ಕೂರಬೇಕು. ಮೂರು ನಿಮಿಷದ ತಟ್ಟೆಯಲ್ಲಿ ಆಕೆಯ ಪಾಲು ಒಂದು ನಿಮಿಷದ ಆಸುಪಾಸು. ಲೇಬಲ್ಲಿನಲ್ಲಿ ಹೆಸರು ಬಿದ್ದರೂ ಅದು ನಾಯಕನ ಹೆಸರಿನ ಕೆಳಗೆ, ಸಣ್ಣ ಅಚ್ಚಿನಲ್ಲಿ. 1902ರಲ್ಲಿ ಕಲ್ಕತ್ತೆಯಲ್ಲಿ ಮುದ್ರಣಕ್ಕೆ ಹಾಡಿದ ಗೌಹರ್ ಜಾನ್ ತಟ್ಟೆಯ ಕೊನೆಗೆ ತನ್ನ ಹೆಸರನ್ನು ತಾನೇ ಕೂಗಿ ಹೇಳಿದ್ದು ಎಂಥ ಜಾಣತನ ಎಂದು ಇಲ್ಲಿ ಅನ್ನಿಸದೆ ಇರದು.

ಐವಿ ಹುಟ್ಟಿದ್ದು ಕ್ಯಾಲಿಫೋರ್ನಿಯಾದ ಗಿಲ್‌ರಾಯ್ ಎಂಬ ಊರಿನಲ್ಲಿ. ಬೆಳ್ಳುಳ್ಳಿಗೆ ಹೆಸರಾದ ಊರದು. ಹುಟ್ಟಿದ ವರ್ಷ ಒಂದು ಪುಸ್ತಕದಲ್ಲಿ 1904 ಎಂದಿದ್ದರೆ ಇನ್ನೊಂದರಲ್ಲಿ 1905. ಕ್ರೈಸ್ತ ಸನ್ಯಾಸಿನಿಯರ ಶಾಲೆಯಲ್ಲಿ ಸ್ವರದ ಪಾಠವಾಯಿತು. ಮುಂದೆ ವಾಷಿಂಗ್ಟನ್‌ನಲ್ಲೂ ಕಲಿಕೆ ನಡೆಯಿತು. ಆದರೆ ರಂಗದ ಮೇಲೆ ಅನ್ನಕ್ಕೆ ದಾರಿಯಾದದ್ದು ಕಾಲು. ಹದಿಹರೆಯ ಮುಗಿಯುವ ಮೊದಲೇ ಪಶ್ಚಿಮ ತೀರದ ಸಂಚಾರಿ ವಿನೋದಾವಳಿಗಳಲ್ಲಿ ನರ್ತಕಿಯಾಗಿ ಸೇರಿಕೊಂಡಳು. 1921ರಲ್ಲಿ ನ್ಯೂಯಾರ್ಕ್‌ನಲ್ಲಿ ಕಪ್ಪು ಕಲಾವಿದರೇ ಬರೆದು ಆಡಿ ಗೆದ್ದ ‘ಷಫಲ್ ಅಲಾಂಗ್’ ಸಂಗೀತ ನಾಟಕ ಊರೂರು ಸುತ್ತಿದಾಗ ಅದರ ಸಾಲುನರ್ತಕಿಯರಲ್ಲಿ ಈಕೆಯೂ ಇದ್ದಳು. 1925ರ ಸುಮಾರಿಗೆ ಹಾರ್ಲೆಮ್‌ನ ಕಾಟನ್ ಕ್ಲಬ್ಬಿಗೆ ಬಂದಳು. ಆ ಕ್ಲಬ್ಬಿನ ಮಾಲೀಕ ಓನಿ ಮ್ಯಾಡೆನ್ ಎಂಬ ಪಾತಕಿ. ವೇದಿಕೆಯ ಮೇಲಿನವರೆಲ್ಲ ಕಪ್ಪು ಜನ, ಮೇಜಿನ ಮುಂದೆ ಕೂರುವವರೆಲ್ಲ ಬಿಳಿಯರು. ಆ ಬೀದಿಯಲ್ಲೇ ವಾಸಿಸುವ ಕಪ್ಪು ಜನರಿಗೆ ಒಳಗೆ ಪ್ರವೇಶವಿರಲಿಲ್ಲ.

ಸಂಚಾರದ ಈ ಬದುಕಿನಲ್ಲಿ ಆಕೆ ಕಂಡ ದೂರದ ಊರು ಆಸ್ಟ್ರೇಲಿಯಾದ ಸಿಡ್ನಿ. ಲಾಸ್ ಏಂಜಲೀಸಿನ ಸನಿ ಕ್ಲೇ ಎಂಬ ಪಿಯಾನೊ ವಾದಕ ತನ್ನ ತಂಡ ಕಟ್ಟಿಕೊಂಡು 1928ರ ಜನವರಿಯಲ್ಲಿ ಅಲ್ಲಿಗೆ ಹಡಗಿನಲ್ಲಿ ಹೋದಾಗ ಐವಿ ಜೊತೆಗಿದ್ದಳು. ಟಿವೊಲಿ ರಂಗಮಂದಿರದಲ್ಲಿ ಪ್ರದರ್ಶನ ತುಂಬಿ ನಡೆಯಿತು. ತಂಡ ಮೆಲ್ಬರ್ನ್‌ಗೆ ಬಂದಿದ್ದಾಗ, ಮಾರ್ಚ್ ಕೊನೆಯ ವಾರದಲ್ಲಿ, ವಾದಕರು ತಂಗಿದ್ದ ಮನೆಯ ಮೇಲೆ ಪೊಲೀಸರು ದಾಳಿ ಮಾಡಿದರು. ಒಳಗೆ ಕೆಲವರು ಬಿಳಿಯ ಯುವತಿಯರಿದ್ದರು. ಅಪರಾಧ ಇಷ್ಟೇ. ಯುವತಿಯರ ಮೇಲೆ ಅಲೆಮಾರಿತನದ ಮೊಕದ್ದಮೆ ಹೂಡಿದರು. ನ್ಯಾಯಾಲಯದಲ್ಲಿ ಅದು ನಿಲ್ಲಲಿಲ್ಲ. ಅಷ್ಟರಲ್ಲಿ ಪತ್ರಿಕೆಗಳು ಬೆಂಕಿ ಹಚ್ಚಿಯಾಗಿತ್ತು, ವಿಷಯ ಸಂಸತ್ತನ್ನೂ ಮುಟ್ಟಿತು. ವಾದಕರನ್ನು ದೇಶದಿಂದ ಹೊರಡಿಸಿದರು. ‘ಬಿಳಿಯ ಆಸ್ಟ್ರೇಲಿಯಾ’ ನೀತಿಯ ಆ ನಾಡು ಮುಂದೆ ಕಾಲು ಶತಮಾನದಷ್ಟು ಕಾಲ ಕಪ್ಪು ಜನರ ಜಾಝ್ ವಾದ್ಯವೃಂದಕ್ಕೆ ಬಾಗಿಲು ತೆರೆಯಲಿಲ್ಲ. 1954ರಲ್ಲಿ ಲೂಯಿ ಆರ್ಮ್‌ಸ್ಟ್ರಾಂಗ್ ಹೋದ ಮೇಲೆಯೇ ಅದು ಸಡಿಲವಾದದ್ದು. ದಾಳಿಯಲ್ಲಿ ಐವಿ ಸಿಕ್ಕಿಬಿದ್ದವಳಲ್ಲ. ಆದರೆ ರಾತ್ರಿ ಚಪ್ಪಾಳೆ ಹೊಡೆದವರೇ ಬೆಳಗ್ಗೆ ಹೊರಗೆ ಹಾಕುವುದನ್ನು ಹತ್ತಿರದಿಂದ ನೋಡಿದವಳು.

ಮರಳಿ ಬಂದು ಷಿಕಾಗೊದ ಗ್ರ್ಯಾಂಡ್ ಟೆರೇಸ್‌ನಲ್ಲಿ ಅರ್ಲ್ ಹೈನ್ಸ್‌ನ ಬ್ಯಾಂಡಿನೊಡನೆ ಹಾಡುತ್ತಿದ್ದಳು. 1931ರ ಫೆಬ್ರುವರಿಯಲ್ಲಿ ಎಲಿಂಗ್ಟನ್ ಆ ಊರಿನ ಓರಿಯೆಂಟಲ್ ಥಿಯೇಟರಿಗೆ ಬಂದ. ಕಾಟನ್ ಕ್ಲಬ್ಬಿನಿಂದ ಪ್ರಸಾರವಾದ ರೇಡಿಯೊ ಕಾರ್ಯಕ್ರಮಗಳಿಂದ ಅವನ ಹೆಸರು ಆಗಲೇ ದೇಶದ ತುಂಬ ಹಬ್ಬಿತ್ತು. ಅವನಿಗೊಬ್ಬ ಗಾಯಕಿ ಬೇಕಿದ್ದಳು. ಕಣ್ಣಿಗೆ ಬಿದ್ದವರು ಇಬ್ಬರು: ಮೇ ಅಲಿಕ್ಸ್ ಮತ್ತು ಐವಿ. ಮೇ ಅಲಿಕ್ಸ್‌ಳ ಬಣ್ಣ ತೀರ ತಿಳಿಯಾಗಿದ್ದು, ಕಪ್ಪು ವಾದಕರ ನಡುವೆ ಬಿಳಿಯ ಹೆಂಗಸು ನಿಂತಿದ್ದಾಳೆಂದು ಕೆಲವೆಡೆ ಗಲಭೆಯಾದೀತೆಂಬ ಅಂಜಿಕೆಯಿಂದ ಐವಿಯನ್ನು ಆರಿಸಿದರೆಂದು ಹೇಳುವುದುಂಟು. ಐವಿಯನ್ನೇ ತೆಗೆದುಕೊ ಎಂದು ಹೈನ್ಸ್ ಕೂಡ ಹೇಳಿದನಂತೆ. ಮೈಬಣ್ಣ ಕಡಿಮೆಯಾದರೂ ಕಷ್ಟ, ಹೆಚ್ಚಾದರೂ ಕಷ್ಟ ಎಂಬಂಥ ಕಾಲ. ಕಾರಣ ಏನೇ ಇರಲಿ, ಆ ಆಯ್ಕೆಯಿಂದ ಲಾಭವಾದದ್ದು ಸಂಗೀತಕ್ಕೆ. ಅದಕ್ಕೆ ಮೊದಲು ಎಲಿಂಗ್ಟನ್‌ನ ಮುದ್ರಿಕೆಗಳಲ್ಲಿ ಅಡಿಲೇಡ್ ಹಾಲ್‌ಳಂಥ ಅತಿಥಿ ಗಾಯಕಿಯರಿದ್ದರು. ಕಾಯಂ ಗಾಯಕಿಯಾಗಿ ಬಂದವರಲ್ಲಿ ಐವಿಯೇ ಮೊದಲಿಗಳು.

ಒಂದು ವರ್ಷದ ನಂತರ, 1932ರ ಫೆಬ್ರುವರಿ 2ರಂದು, ಬ್ರನ್ಸ್‌ವಿಕ್ ಕಂಪನಿಗಾಗಿ ಆಕೆ ಮೊದಲ ಬಾರಿ ಹಾಡಿದ್ದು ‘ಇಟ್ ಡೋಂಟ್ ಮೀನ್ ಎ ಥಿಂಗ್’. ಸ್ವಿಂಗ್ ಇಲ್ಲದ ಸಂಗೀತಕ್ಕೆ ಅರ್ಥವೇ ಇಲ್ಲ ಎನ್ನುವುದು ಅದರ ಒಟ್ಟು ತಾತ್ಪರ್ಯ. ಎಲಿಂಗ್ಟನ್‌ನ ಹಳೆಯ ಟ್ರಂಪೆಟ್ ವಾದಕ ಬಬ್ಬರ್ ಮೈಲಿ ಆಡುತ್ತಿದ್ದ ಮಾತು ಅದೆಂದು ಪ್ರತೀತಿ. ಬೆನ್ನಿ ಗುಡ್‌ಮನ್ 1935ರ ಆಗಸ್ಟ್‌ನಲ್ಲಿ ಲಾಸ್ ಏಂಜಲೀಸಿನ ಪಾಲೊಮರ್ ನೃತ್ಯಶಾಲೆಯಲ್ಲಿ ನುಡಿಸಿದ ರಾತ್ರಿಯಿಂದ ಸ್ವಿಂಗ್ ಯುಗವನ್ನು ಎಣಿಸುವುದು ವಾಡಿಕೆ. ಐವಿಯ ತಟ್ಟೆ ಅದಕ್ಕಿಂತ ಮೂರೂವರೆ ವರ್ಷ ಹಿಂದಿನದು.

ಸ್ವಿಂಗ್ ಎಂದರೇನೆಂದು ಬರೆದು ತಿಳಿಸುವುದು ಕಷ್ಟ. ಒಂದು ತಾಳದ ಪೆಟ್ಟನ್ನು ಎರಡು ಭಾಗ ಮಾಡಿದಾಗ ಅವು ಸಮನಾಗಿರದೆ ಮೊದಲನೆಯದು ಉದ್ದ, ಎರಡನೆಯದು ಗಿಡ್ಡ ಆಗುತ್ತದೆ. ನಾಲ್ಕರ ಎಣಿಕೆಯಲ್ಲಿ ಎರಡು ಮತ್ತು ನಾಲ್ಕಕ್ಕೆ ಒತ್ತು ಬೀಳುತ್ತದೆ. ಹಾಡುವವರು ಪೆಟ್ಟಿನ ಮೇಲೆ ನೇರ ಬೀಳದೆ ಕೊಂಚ ಹಿಂದೆ ಹಿಂದೆ ಜಾರುತ್ತಾರೆ. ಕಾಗದದ ಮೇಲೆ ಇಷ್ಟೇ. ಆದರೆ ಮೈಗೆ ಅದು ಕೂಡಲೇ ಗೊತ್ತಾಗುತ್ತದೆ. ಐವಿಯ ಹಾಡು ಪದಗಳಿಂದ ಆರಂಭವಾಗುವುದಿಲ್ಲ. ಅರ್ಥವಿಲ್ಲದ ಅಕ್ಷರಗಳ ಸರವೊಂದನ್ನು ಮೊದಲು ಬಿಡಿಸುತ್ತಾಳೆ. ನಮ್ಮ ಕೊನ್ನಕೋಲಿನ ಸೊಲ್ಲುಗಳಿಗೆ ಸ್ವರವನ್ನೂ ಕೂಡಿಸಿದರೆ ಹೇಗೋ ಹಾಗೆ. ಅದನ್ನು ಜಾಝ್‌ನವರು ಸ್ಕ್ಯಾಟ್ ಎನ್ನುತ್ತಾರೆ. ಆಮೇಲೆ ಪದಗಳು ಬಂದಾಗಲೂ ಅವನ್ನು ಆಕೆ ಇಡುವ ರೀತಿ ಕುಣಿಯುವವರು ಹೆಜ್ಜೆ ಇಡುವ ರೀತಿ: ಭಾರ ಎಲ್ಲಿ ಬೀಳಬೇಕೋ ಅಲ್ಲಿ, ಮಿಕ್ಕಲ್ಲೆಲ್ಲ ಹಗುರ. ದನಿ ದೊಡ್ಡದಲ್ಲ, ಕೊಂಚ ಒಣಗಿದಂತಿದೆ, ಉಚ್ಚಾರ ಗಾಜಿನಷ್ಟು ಸ್ವಚ್ಛ. ಸಂಗೀತ ಪಾಠದಿಂದ ಉಚ್ಚಾರ ಬಂದಿರಬಹುದು. ಈ ಹಗುರತನ ಸಾಲುನರ್ತಕಿಯಾಗಿ ಕಳೆದ ವರ್ಷಗಳಿಂದ ಬಂದದ್ದೆಂದು ನನ್ನ ನಂಬಿಕೆ. ಎಲಾ ಫಿಟ್ಸ್‌ಜೆರಾಲ್ಡ್ ಕೂಡ 1934ರಲ್ಲಿ ಅಪಾಲೊ ಥಿಯೇಟರಿನ ಹವ್ಯಾಸಿಗಳ ಸ್ಪರ್ಧೆಗೆ ಕುಣಿಯಲೆಂದು ಹೋಗಿ, ವೇದಿಕೆಯ ಮೇಲೆ ಮನಸ್ಸು ಬದಲಿಸಿ ಹಾಡಿದವಳು ಎಂಬುದನ್ನು ಇದರ ಪಕ್ಕದಲ್ಲಿಟ್ಟು ನೋಡಬಹುದು.

ಎಲಿಂಗ್ಟನ್ ಆಕೆಯನ್ನು ಬದಿಯ ಕುರ್ಚಿಯ ಕ್ಯಾನರಿಯನ್ನಾಗಿ ಇಡಲಿಲ್ಲ. ಅವನ ಬ್ಯಾಂಡಿನಲ್ಲಿ ಟ್ರೊಂಬೋನ್ ಮಾತಾಡುತ್ತಿತ್ತು, ಟ್ರಂಪೆಟ್ ಗುರುಗುಟ್ಟುತ್ತಿತ್ತು. ಹಾಗೆಯೇ ಐವಿಯ ದನಿಯೂ ಒಂದು ವಾದ್ಯ. ಡ್ರಮ್ ಬಾರಿಸುವ ಸನಿ ಗ್ರೀರ್ ಮತ್ತು ಆಕೆಯ ನಡುವೆ ವೇದಿಕೆಯ ಮೇಲೆ ನಡೆಯುತ್ತಿದ್ದ ಹಾಸ್ಯದ ಸವಾಲು ಜವಾಬು ಪ್ರದರ್ಶನದ ಒಂದು ಆಕರ್ಷಣೆಯೇ ಆಗಿತ್ತು. ಸದಾ ಬಿಳಿಯ ಉಡುಪು. 1933ರ ಜೂನ್‌ನಲ್ಲಿ ಬ್ಯಾಂಡ್ ಲಂಡನ್ನಿನ ಪಲೇಡಿಯಂಗೆ ಹೋದಾಗ ‘ಸ್ಟಾರ್ಮಿ ವೆದರ್’ ಹಾಡಿ ಸಭೆಯನ್ನು ಕಟ್ಟಿಹಾಕಿದಳು. ಅದೇ ವರ್ಷದ ‘ಬಂಡಲ್ ಆಫ್ ಬ್ಲೂಸ್’ ಎಂಬ ಕಿರುಚಿತ್ರದಲ್ಲಿ ಆ ಹಾಡು ಉಳಿದಿದೆ: ಹೊರಗೆ ಮಳೆ, ಆಕೆ ಹಾಡುತ್ತಿದ್ದಾಳೆ. ಕಣ್ಣೀರಿನ ನಾಟಕವಿಲ್ಲ.

ವೇದಿಕೆಯಿಂದ ಇಳಿದ ಮೇಲಿನ ಬದುಕು ಬೇರೆ. ದಕ್ಷಿಣದ ರಾಜ್ಯಗಳಲ್ಲಿ ಕಪ್ಪು ಕಲಾವಿದರಿಗೆ ಒಳ್ಳೆಯ ಹೋಟೆಲಿನಲ್ಲಿ ಕೋಣೆ ಇಲ್ಲ, ಊಟವೂ ಇಲ್ಲ. ಇದಕ್ಕೆ ಎಲಿಂಗ್ಟನ್ ಕಂಡುಕೊಂಡ ಉಪಾಯವೆಂದರೆ ರೈಲಿನ ಮಲಗುವ ಬೋಗಿಗಳನ್ನೇ ಬಾಡಿಗೆಗೆ ಹಿಡಿಯುವುದು. ಪ್ರದರ್ಶನದ ಊರಿನ ನಿಲ್ದಾಣದಲ್ಲಿ ಬೋಗಿಗಳನ್ನು ಬದಿಗೆ ನಿಲ್ಲಿಸಿ ಅಲ್ಲೇ ವಾಸ. ಗಂಡಸರೇ ತುಂಬಿದ ಆ ಬೋಗಿಗಳಲ್ಲಿ ವರ್ಷದ ಬಹುಪಾಲು ಕಳೆಯುತ್ತಿದ್ದ ಹೆಂಗಸು ಐವಿ. ಪೋಕರ್ ಇಸ್ಪೀಟಿನಲ್ಲಿ ಆಕೆಯನ್ನು ಸೋಲಿಸುವುದು ಸುಲಭವಿರಲಿಲ್ಲವೆಂದು ಬ್ಯಾಂಡಿನವರು ನೆನೆಯುತ್ತಿದ್ದರು.

1941ರ ಜುಲೈ 10ರಂದು ಲಾಸ್ ಏಂಜಲೀಸಿನ ಮಾಯನ್ ಥಿಯೇಟರಿನಲ್ಲಿ ‘ಜಂಪ್ ಫಾರ್ ಜಾಯ್’ ಎಂಬ ಸಂಗೀತ ರೂಪಕ ಆರಂಭವಾಯಿತು. ರಂಗದ ಮೇಲೆ ಕಪ್ಪು ಮನುಷ್ಯನೆಂದರೆ ಹಲ್ಲು ಕಿರಿಯುವ ಆಳು ಎಂಬ ಚಿತ್ರವನ್ನು ಅಳಿಸಬೇಕೆಂಬುದು ಎಲಿಂಗ್ಟನ್ ಮತ್ತು ಗೆಳೆಯರ ಗುರಿ. ನಾಲ್ಕು ವರ್ಷದ ಹಿಂದೆ ಮಾರ್ಕ್ಸ್ ಸಹೋದರರ ಚಿತ್ರದಲ್ಲಿ ಬಡ ಕೇರಿಯ ಹೆಂಗಸಾಗಿ ನಿಂತಿದ್ದ ಐವಿಗೆ ಈ ವೇದಿಕೆಯ ಬೆಲೆ ಬೇರೆಯೇ ಇದ್ದಿರಬೇಕು. ಅಲ್ಲಿ ಆಕೆ ಹಾಡಿದ ‘ಐ ಗಾಟ್ ಇಟ್ ಬ್ಯಾಡ್’ ಅವಳ ಹಾಡುಗಳಲ್ಲೆಲ್ಲ ಹೆಚ್ಚು ಬಾಳಿತು. ಹಿಂದೆ ಜಾನಿ ಹಾಡ್ಜಸ್‌ನ ಸ್ಯಾಕ್ಸೊಫೋನ್ ನಿಟ್ಟುಸಿರಿಡುತ್ತದೆ; ಮುಂದೆ ಈಕೆ, ಕೊಟ್ಟ ಮನಸ್ಸು ಮರಳಿ ಬಾರದೆಂಬುದನ್ನು ಪಕ್ಕದ ಮನೆಯವರಿಗೆ ಹೇಳುವಷ್ಟೇ ಸಲೀಸಾಗಿ ಹೇಳುತ್ತಾಳೆ. ಆ ಹಾಡನ್ನು ಚಲನಚಿತ್ರದ ತುಣುಕಾಗಿಯೂ ತೆಗೆದರು. ಹೋಟೆಲು, ಬಾರುಗಳಲ್ಲಿ ಇರಿಸಿದ ಯಂತ್ರಕ್ಕೆ 10 ಸೆಂಟ್ ನಾಣ್ಯ ಹಾಕಿದರೆ ಮೂರು ನಿಮಿಷ ಓಡುವ ಇಂಥ ಚಿತ್ರಗಳಿಗೆ ಆಗ ‘ಸೌಂಡೀಸ್’ ಎಂಬ ಹೆಸರಿತ್ತು.

ಆದರೆ ಆಕೆಗೆ ಉಬ್ಬಸ. ದಿನಕ್ಕೊಂದು ಊರು, ಹೊಗೆ ತುಂಬಿದ ಸಭಾಂಗಣ, ರೈಲಿನ ಧೂಳು. ಬ್ಯಾಂಡಿನೊಡನೆ ಕೊನೆಯ ಬಾರಿ ಮುದ್ರಣಕ್ಕೆ ಹಾಡಿದ್ದು 1942ರ ಜುಲೈ 28ರಂದು. ಹಾಡು ‘ಹೇಫುಟ್ ಸ್ಟ್ರಾಫುಟ್’. ಸೈನ್ಯಕ್ಕೆ ಸೇರಿದ ಹಳ್ಳಿಗರಿಗೆ ಎಡ ಬಲ ಗೊತ್ತಾಗಲೆಂದು ಒಂದು ಕಾಲಿಗೆ ಒಣ ಹುಲ್ಲು, ಇನ್ನೊಂದಕ್ಕೆ ಪೈರಿನ ಒಣ ದಂಟು ಕಟ್ಟಿ ಕವಾಯತು ಮಾಡಿಸುತ್ತಿದ್ದರೆಂಬ ಹಳೆಯ ಕತೆಯಿಂದ ಬಂದ ಹೆಸರು ಅದು. ನರ್ತಕಿಯಾಗಿ ಆರಂಭಿಸಿದವಳಿಗೆ ಕೊನೆಯ ಹಾಡೂ ಹೆಜ್ಜೆಯದ್ದೇ. ಆಗಸ್ಟ್‌ನಲ್ಲಿ ಬ್ಯಾಂಡ್ ಬಿಟ್ಟಳು. ಆಕೆಯ ಜಾಗ ತುಂಬಲು ಎಲಿಂಗ್ಟನ್ ಒಬ್ಬಳನ್ನಲ್ಲ, ಹಲವು ಗಾಯಕಿಯರನ್ನು ತಂದ. ಮುಂದೆ ಬಂದ ಪ್ರತಿ ಗಾಯಕಿಯನ್ನೂ ಜನ ಐವಿಯೊಡನೆ ಹೋಲಿಸಿಯೇ ಅಳೆಯುತ್ತಿದ್ದರೆಂದು ಅವನು ತನ್ನ ಆತ್ಮಕತೆಯಲ್ಲಿ ಹೇಳಿಕೊಂಡಿದ್ದಾನೆ.

ಆಕೆ ಬಿಟ್ಟ ತಿಂಗಳನ್ನು ಗಮನಿಸಬೇಕು. 1942ರ ಆಗಸ್ಟ್ 1ರಂದು ಅಮೆರಿಕದ ವಾದಕರ ಸಂಘ ಮುಷ್ಕರ ಹೂಡಿತು. ತಟ್ಟೆ ಮತ್ತು ರೇಡಿಯೊದಿಂದಾಗಿ ನೇರ ವಾದನದ ಕೆಲಸ ಹೋಗುತ್ತಿದೆ, ಕಂಪನಿಗಳು ವಾದಕರಿಗೆ ಪಾಲು ಕೊಡಬೇಕು ಎಂಬುದು ಸಂಘದ ಮುಖ್ಯಸ್ಥ ಜೇಮ್ಸ್ ಪೆಟ್ರಿಲೊನ ಪಟ್ಟು. ಎರಡು ವರ್ಷಕ್ಕೂ ಹೆಚ್ಚು ಕಾಲ, 1944ರ ನವೆಂಬರ್‌ವರೆಗೆ, ದೊಡ್ಡ ಕಂಪನಿಗಳಲ್ಲಿ ಕೆಲವು ವಾದ್ಯಸಂಗೀತವನ್ನು ಮುದ್ರಿಸುವಂತಿರಲಿಲ್ಲ. ಗಾಯಕರು ಮಾತ್ರ ಆ ಸಂಘದ ಸದಸ್ಯರಲ್ಲ. ಕಂಪನಿಗಳು ವಾದ್ಯಗಳ ಬದಲು ಹಿಮ್ಮೇಳದ ಕಂಠಗಳನ್ನಿಟ್ಟು ಗಾಯಕರ ತಟ್ಟೆ ತೆಗೆದವು. ಆ ಸೆಪ್ಟೆಂಬರ್‌ನಲ್ಲೇ ಫ್ರಾಂಕ್ ಸಿನಾಟ್ರ ಟಾಮಿ ಡಾರ್ಸಿಯ ಬ್ಯಾಂಡು ಬಿಟ್ಟು ಒಂಟಿಯಾಗಿ ಹೊರಟು ವರ್ಷಾಂತ್ಯಕ್ಕೆ ನ್ಯೂಯಾರ್ಕ್‌ನ ಪ್ಯಾರಮೌಂಟ್ ಥಿಯೇಟರಿನಲ್ಲಿ ಹುಡುಗಿಯರ ಚೀರಾಟದ ನಡುವೆ ಹಾಡಿದ. ಯುದ್ಧದ ಪೆಟ್ರೋಲ್, ಟೈರ್ ಪಡಿತರದಿಂದ ಬ್ಯಾಂಡುಗಳ ಸಂಚಾರ ಕುಂಟಿತು; 1944ರಲ್ಲಿ ಕುಣಿತ, ಹಾಡು ಇರುವ ಕಡೆಗಳ ಮೇಲೆ ಶೇಕಡ 30ರಷ್ಟು ತೆರಿಗೆ ಬಿದ್ದು ನಂತರ 20ಕ್ಕೆ ಇಳಿಯಿತು. ಯುದ್ಧ ಮುಗಿಯುವ ಹೊತ್ತಿಗೆ ದೊಡ್ಡ ಅಕ್ಷರದ ಹೆಸರು ಗಾಯಕರದಾಗಿ, ಬ್ಯಾಂಡು ಸಣ್ಣ ಅಚ್ಚಿಗೆ ಇಳಿದಿತ್ತು. ಕ್ಯಾನರಿಗಳ ಕಾಲ ಬಂತು ಎನ್ನುವಾಗ ಐವಿ ಪಂಜರದಿಂದ ಹೊರಟುಹೋಗಿದ್ದಳು, ಅದೂ ಉಸಿರು ಸಾಲದೆ.

ಲಾಸ್ ಏಂಜಲೀಸಿನ ಸೆಂಟ್ರಲ್ ಅವೆನ್ಯೂ ಕಪ್ಪು ಜನರ ಸಂಗೀತ, ವ್ಯಾಪಾರಗಳ ನಡುಬೀದಿ. ಅಲ್ಲಿಗೆ ಹತ್ತಿರ, ವರ್ನನ್ ಅವೆನ್ಯೂದಲ್ಲಿ, ಆಕೆ ಪತಿಯೊಡನೆ ‘ಐವೀಸ್ ಚಿಕನ್ ಷ್ಯಾಕ್’ ಎಂಬ ಊಟದ ಹೋಟೆಲು ನಡೆಸಿದಳು. ಕರಿದ ಕೋಳಿ ಅಲ್ಲಿನ ವಿಶೇಷ. ಊರಿಗೆ ಬಂದ ವಾದಕರೆಲ್ಲ ಅಲ್ಲಿಗೆ ಹೋಗುವವರೇ. ತನ್ನ ಹೆಸರು ಎಲ್ಲಕ್ಕಿಂತ ಮೇಲೆ, ದೊಡ್ಡ ಅಕ್ಷರದಲ್ಲಿದ್ದ ಫಲಕ ಆಕೆಗೆ ಸಿಕ್ಕಿದ್ದು ಹೋಟೆಲಿನ ಬಾಗಿಲಿನಲ್ಲಿ. ಆಗಾಗ ಪಶ್ಚಿಮ ತೀರದ ಕ್ಲಬ್ಬುಗಳಲ್ಲಿ ಹಾಡುತ್ತಿದ್ದಳು. 1946ರಲ್ಲಿ ‘ಬ್ಲ್ಯಾಕ್ ಅಂಡ್ ವೈಟ್’ ಎಂಬ ಸಣ್ಣ ಕಂಪನಿಗೆ ತನ್ನದೇ ಹೆಸರಿನಲ್ಲಿ ಕೆಲವು ಹಾಡು ಹಾಡಿದಳು. ಕಂಪನಿ ಸಣ್ಣದು, ಸದ್ದೂ ಸಣ್ಣದು. 1949ರ ಡಿಸೆಂಬರ್ 28ರಂದು ಲಾಸ್ ಏಂಜಲೀಸಿನಲ್ಲಿ ತೀರಿಕೊಂಡಾಗ ವಯಸ್ಸು ನಲವತ್ತೈದರ ಆಸುಪಾಸು. ಹೆಚ್ಚು ಹೊತ್ತು ಓಡುವ ಎಲ್‌ಪಿ ತಟ್ಟೆ ಬಂದು ಆಗ ಒಂದೂವರೆ ವರ್ಷವಾಗಿತ್ತಷ್ಟೆ. ಎಲಾ ಮೊದಲಾದವರು ಕೇಳುಗರ ಮನೆಯಲ್ಲಿ ನೆಲೆಸಿದ್ದು ಆ ತಟ್ಟೆಗಳ ಮೂಲಕ. ಎಲಿಂಗ್ಟನ್‌ನ ಹಾಡುಗಳನ್ನು ಎಲಾ 1957ರಲ್ಲಿ ಹಲವು ತಟ್ಟೆಗಳಷ್ಟು ಹಾಡಿದಳು. ಅವುಗಳಲ್ಲಿ ಕೆಲವು ಮೊದಲು ಯಾರ ದನಿಗೆ ಹೊಂದಿಕೊಂಡಿದ್ದವು ಎಂಬುದು ಆ ಹೊತ್ತಿಗೆ ಹಳಬರಿಗೆ ಮಾತ್ರ ಗೊತ್ತಿದ್ದ ಸಂಗತಿ.

ಸ್ಟುಡಿಯೊದ ಮೂರು ನಿಮಿಷದ ಗಡಿಯಿಲ್ಲದೆ ಆಕೆಯನ್ನು ಕೇಳಬೇಕೆಂದರೆ ಒಂದು ದಾರಿ ಉಳಿದಿದೆ. 1940ರ ನವೆಂಬರ್ 7ರ ರಾತ್ರಿ, ಉತ್ತರ ಡಕೋಟದ ಫಾರ್ಗೊ ಎಂಬ ಊರಿನ ಕ್ರಿಸ್ಟಲ್ ನೃತ್ಯಶಾಲೆಯಲ್ಲಿ ಎಲಿಂಗ್ಟನ್ ಬ್ಯಾಂಡಿನ ಕುಣಿತದ ಕೂಟವಿತ್ತು. ಜ್ಯಾಕ್ ಟವರ್ಸ್ ಮತ್ತು ಡಿಕ್ ಬರ್ರಿಸ್ ಎಂಬ ಇಬ್ಬರು ಯುವಕರು ಅನುಮತಿ ಪಡೆದು, ತಟ್ಟೆ ಕೊರೆಯುವ ಯಂತ್ರವೊಂದನ್ನು ಹೊತ್ತು ತಂದು ಇಡೀ ರಾತ್ರಿಯ ಸಂಗೀತವನ್ನು ಕೊರೆದುಕೊಂಡರು. ಸಂತೋಷಕ್ಕಾಗಿ ಮಾಡಿಕೊಂಡದ್ದು, ಮಾರಾಟಕ್ಕಲ್ಲ. 1978ರಲ್ಲಿ ಅದು ಎಲ್‌ಪಿಯಾಗಿ ಹೊರಬಂದು ಗ್ರ್ಯಾಮಿ ಪ್ರಶಸ್ತಿ ಪಡೆಯಿತು. ಚಳಿಗಾಲದ ಆ ಸಣ್ಣ ಊರಿನ ಜನ ಹರಟುತ್ತ, ನಗುತ್ತ, ಕುಣಿಯುತ್ತಿರುವ ಗದ್ದಲದ ನಡುವೆ ಐವಿ ಎದ್ದು ಬಂದು ತನ್ನ ಸುತ್ತು ಹಾಡುತ್ತಾಳೆ, ಹಾಡಿ ಹೋಗಿ ಕೂರುತ್ತಾಳೆ. ಕುಣಿತ ನಿಲ್ಲುವುದಿಲ್ಲ.